ತುಂಗಭದ್ರೆ ದಂಡೆಯ ಅಭಿಮಾನಿಗಳು

ಕಂಪ್ಲಿ, ಸಂಡೂರು, ಹೊಸಪೇಟೆ ಸೀಮೆಯ ಹಳ್ಳಿಯಲ್ಲಿ ಜಾತ್ರೆಗೊಂದು ನಾಟಕ ಗೊತ್ತಾಯಿತೆಂದರೆ ಮೊದಲ ಗದ್ದಲ ಕರಪತ್ರದ್ದು. ತೆಳುವಾದ ಬಣ್ಣದ ಕಾಗದ. ನೆತ್ತಿಯ ಮೇಲೆ ಊರ ದೇವರ ಪ್ರಸನ್ನ, ಅದರ ಕೆಳಗೆ ದಪ್ಪಕ್ಷರದಲ್ಲಿ ನಾಟಕದ ಹೆಸರು, ಅದಕ್ಕೂ ಕೆಳಗೆ ಸಾಲುಸಾಲಾಗಿ ಪಾಸ್‌ಪೋರ್ಟ್ ಅಳತೆಯ ಮುಖಗಳು. ಹೀರೊ ಪಾತ್ರ ಹಿಡಿದವನ ಫೋಟೊ ಎಲ್ಲಿ ಬರಬೇಕು, ಖಳನಾಯಕನದು ಅದಕ್ಕಿಂತ ಚಿಕ್ಕದಾಗಬಹುದೇ, ಹಾಸ್ಯದವನ ಹೆಸರಿನ ಹಿಂದೆ ಯಾವ ಬಿರುದು ಸೇರಬೇಕು ಎಂಬ ಮಾತುಗಳಲ್ಲೇ ಎರಡು ರಾತ್ರಿ ಕಳೆದುಹೋಗುತ್ತವೆ. ಹಗಲೆಲ್ಲ ಗದ್ದೆಯಲ್ಲಿ, ಲಾರಿಯಲ್ಲಿ, ಗ್ಯಾರೇಜಿನಲ್ಲಿ ದುಡಿದು ಬಂದ ಹುಡುಗರು ಪಾತ್ರಕ್ಕಿಷ್ಟು ಎಂದು ತಾವೇ ಹಣ ಕಟ್ಟಿ, ಹಾರ್ಮೋನಿಯಂ ಮಾಸ್ತರರ ಮುಂದೆ ತಿಂಗಳುಗಟ್ಟಲೆ ತಾಲೀಮು ಮಾಡುತ್ತಾರೆ. ಹೆಣ್ಣು ಪಾತ್ರಕ್ಕೆ ಸಂಭಾವನೆ ಕೊಟ್ಟು ಮರಿಯಮ್ಮನಹಳ್ಳಿಯಂಥ ಊರುಗಳಿಂದ ವೃತ್ತಿ ಕಲಾವಿದೆಯರನ್ನು ಕರೆಸುತ್ತಾರೆ. ಇಷ್ಟೆಲ್ಲ ಮಾಡಿ ಆಡುವುದು ಒಂದೇ ರಾತ್ರಿ.

ಅಂತರ್ಜಾಲ ಬಂದು ಹುಡುಗರು ಕೆಟ್ಟರು, ಎಲ್ಲರಿಗೂ ಮುಖ ತೋರಿಸುವ ಹುಚ್ಚು ಹಿಡಿದಿದೆ ಎಂಬ ದೂರು ಹೊಸಪೇಟೆಯ ಬಸ್ ನಿಲ್ದಾಣದಲ್ಲೂ ಕೇಳುತ್ತದೆ, ಕಾಲೇಜಿನ ಸಿಬ್ಬಂದಿ ಕೋಣೆಯಲ್ಲೂ ಕೇಳುತ್ತದೆ. ಈ ಸೀಮೆಯ ಚರಿತ್ರೆ ಬಲ್ಲವರು ಆ ದೂರನ್ನು ಹಾಗೆಯೇ ಒಪ್ಪಲಾರರು. ನಾಲ್ಕು ಜನರ ಕಣ್ಣಿಗೆ ಬೀಳಬೇಕು, ಇಂಥವನು ಎಂದು ಗುರುತಾಗಬೇಕು ಎಂಬ ಹಂಬಲ ಇಲ್ಲಿ ಫೋನಿಗಿಂತ ಬಹಳ ಹಳೆಯದು. ಅದಕ್ಕೆ ಬಯಲಾಟದ ಅಟ್ಟ, ಟಾಕೀಸಿನ ಅಂಗಳ, ಫ್ಲೆಕ್ಸ್ ಬ್ಯಾನರು, ಹಂಪಿಯ ಕಲ್ಲುಗಳು ಒಂದಾದ ಮೇಲೊಂದು ಜಾಗ ಕೊಟ್ಟಿವೆ. ಬದಲಾದದ್ದು ನೋಡುವವರು. ಊರವರು ನೋಡುತ್ತಿದ್ದ ಕಡೆ ಈಗ ಊರೇ ಗೊತ್ತಿಲ್ಲದವರು ನೋಡುತ್ತಿದ್ದಾರೆ. ಹುಡುಗರ ಸ್ವಭಾವದಲ್ಲಿ ಏನಾದರೂ ಪಲ್ಲಟವಾಗಿದ್ದರೆ ಅದರ ಬೇರು ಅಲ್ಲಿದೆ.

ಬಯಲಾಟದಿಂದಲೇ ಹಿಡಿಯಬೇಕು. ಹದಿನಾಲ್ಕನೆಯ ಶತಮಾನದಲ್ಲಿ ಕಂಪಿಲರಾಯನ ಮಗ ಕುಮಾರರಾಮ ದೆಹಲಿಯ ಸೇನೆಯೆದುರು ಕಾದಿ ಮಡಿದ. ಅವನ ಕಥೆ ಈ ಭಾಗದ ಬಯಲಾಟದವರಿಗೆ ತಲೆಮಾರುಗಳಿಂದ ಬಂದ ಆಸ್ತಿ. ಕಂಪ್ಲಿಯ ಹುಡುಗನೊಬ್ಬ ಭುಜಕೀರ್ತಿ, ಕಿರೀಟ ತೊಟ್ಟು ಕುಮಾರರಾಮನಾಗಿ ಕುಣಿದರೆ ಆ ಹೆಸರು ಅವನಿಗೆ ಮರುದಿನವೂ ಅಂಟಿಕೊಳ್ಳುತ್ತಿತ್ತು. ಚಹಾದಂಗಡಿಯಲ್ಲಿ ಅವನನ್ನು ಪಾತ್ರದ ಹೆಸರಿನಿಂದಲೇ ಕೂಗುತ್ತಿದ್ದರು. ಕುಣಿತ ತಪ್ಪಿದರೆ ಅದನ್ನೂ ಆಡಿಕೊಳ್ಳುತ್ತಿದ್ದರು, ಅದೂ ವರ್ಷಗಟ್ಟಲೆ. ಹೊಗಳಿಕೆಗೂ ತೆಗಳಿಕೆಗೂ ಎದುರಿಗೊಂದು ಪರಿಚಿತ ಮುಖವಿತ್ತು. ಹಳಿದವನೇ ನಾಳೆ ನಾಟಿಗೆ ಆಳಾಗಿ ಬರಬೇಕು, ಕಬ್ಬಿನ ಗಾಡಿ ಹೂಡಲು ಕೈ ಜೋಡಿಸಬೇಕು. ಆದ್ದರಿಂದ ಮಾತಿಗೊಂದು ಅಂಕೆ ತಾನಾಗಿಯೇ ಇರುತ್ತಿತ್ತು.

ಸಿನಿಮಾ ಬಂದಾಗ ಈ ಹಂಬಲಕ್ಕೆ ಇನ್ನೊಂದು ರೂಪ ಬಂತು. ತಾನೇ ವೇಷ ಹಾಕುವ ಬದಲು, ವೇಷ ಹಾಕಿದವನ ಕಡೆಯವನು ಎಂದು ಹೇಳಿಕೊಳ್ಳುವುದು. 1945ರಲ್ಲಿ ಆರಂಭವಾದ ತುಂಗಭದ್ರಾ ಅಣೆಕಟ್ಟಿನ ಕೆಲಸ ಎಲ್ಲೆಲ್ಲಿಂದಲೋ ಕೂಲಿಕಾರರನ್ನು, ನೌಕರರನ್ನು ಹೊಸಪೇಟೆಗೆ ತಂದಿತು. ಕಾಲುವೆಗೆ ನೀರು ಬಿಟ್ಟ ಮೇಲೆ ಆಂಧ್ರದ ಕರಾವಳಿಯಿಂದ ಬಂದ ರೈತರು ಕಂಪ್ಲಿ, ಗಂಗಾವತಿ, ಸಿರುಗುಪ್ಪದ ಸುತ್ತ ‘ಕ್ಯಾಂಪು’ಗಳನ್ನು ಕಟ್ಟಿಕೊಂಡರು. ಹಾಗಾಗಿ ಇಲ್ಲಿನ ಟಾಕೀಸುಗಳಲ್ಲಿ ಕನ್ನಡದ ಜೊತೆಗೆ ತೆಲುಗು ಸಿನಿಮಾವೂ ನಡೆಯಿತು. ಒಂದೇ ಮನೆಯ ಅಣ್ಣ ರಾಜ್‌ಕುಮಾರ್ ಕಡೆ, ತಮ್ಮ ಚಿರಂಜೀವಿ ಕಡೆ. ಬಳ್ಳಾರಿ ಸೀಮೆಯ ಹುಡುಗನಿಗೆ ಎರಡು ಭಾಷೆಯ ಹೀರೊಗಳ ನಡುವೆ ಆರಿಸಿಕೊಳ್ಳುವ ಅವಕಾಶ ಯೂಟ್ಯೂಬಿಗೆ ದಶಕಗಳ ಮೊದಲೇ ಇತ್ತು. ಆ ಆಯ್ಕೆಯ ಜೊತೆಗೆ ಬರುವ ಜಗಳವೂ ಇತ್ತು.

ಅಭಿಮಾನಕ್ಕೆ ಸಂಘದ ರೂಪ ಗಟ್ಟಿಯಾದದ್ದು ಎಂಬತ್ತರ ದಶಕದಲ್ಲಿ. ಕನ್ನಡದ ಪರವಾದ 1982ರ ಗೋಕಾಕ್ ಚಳವಳಿಗೆ ರಾಜ್‌ಕುಮಾರ್ ಧುಮುಕಿ ಊರೂರು ಸುತ್ತಿದಾಗ, ಸಿನಿಮಾ ಅಭಿಮಾನವೂ ಭಾಷೆಯ ಅಭಿಮಾನವೂ ಬೇರ್ಪಡಿಸಲಾಗದಂತೆ ಬೆಸೆದುಕೊಂಡವು. ಸಾ.ರಾ. ಗೋವಿಂದು ಅವರ ಮುಂದಾಳತ್ವದ ರಾಜ್‌ಕುಮಾರ್ ಅಭಿಮಾನಿಗಳ ಸಂಘದ ಮಾದರಿಯಲ್ಲಿ ಸಣ್ಣಪುಟ್ಟ ಊರುಗಳಲ್ಲೂ ಸಂಘಗಳು ಎದ್ದವು. ಒಬ್ಬ ಅಧ್ಯಕ್ಷ, ಒಬ್ಬ ಕಾರ್ಯದರ್ಶಿ, ಒಂದು ರಸೀದಿ ಪುಸ್ತಕ, ಒಂದು ರಬ್ಬರ್ ಸ್ಟ್ಯಾಂಪು. ಸಿನಿಮಾ ಬಿಡುಗಡೆಯ ಹಿಂದಿನ ರಾತ್ರಿ ಬಿದಿರು ಕಟ್ಟಿ ಕಟೌಟು ಎಬ್ಬಿಸುವುದು, ಬೆಳಿಗ್ಗೆ ಹಾರ, ಹಾಲಿನ ಅಭಿಷೇಕ, ಪಟಾಕಿ, ಗಾಂಧಿ ಕ್ಲಾಸಿನಲ್ಲಿ ನುಗ್ಗಿ ಕುಳಿತು ಶಿಳ್ಳೆ. ನಟನ ಹುಟ್ಟುಹಬ್ಬಕ್ಕೆ ರಕ್ತದಾನ, ಶಾಲೆ ಮಕ್ಕಳಿಗೆ ನೋಟ್‌ಬುಕ್. ಓದು ಅರ್ಧಕ್ಕೆ ಬಿಟ್ಟ, ಜಮೀನಿಲ್ಲದ, ಜಾತಿಯ ಬಲವೂ ಇಲ್ಲದ ಹುಡುಗನಿಗೆ ಊರಲ್ಲಿ ಒಂದು ಹುದ್ದೆ ಸಿಗುತ್ತಿದ್ದುದು ಈ ಸಂಘಗಳಲ್ಲಿ. ಅದನ್ನು ಹಗುರವಾಗಿ ಕಾಣುವವರು ಆ ಹುಡುಗರ ಬದುಕನ್ನು ಹತ್ತಿರದಿಂದ ಕಂಡಿರಲಾರರು.

ಹೊಸಪೇಟೆಯ ಆಚೆಗೆ ಹತ್ತು ಹನ್ನೆರಡು ಕಿಲೋಮೀಟರಿನಲ್ಲಿ ಇದಕ್ಕೆ ಪೂರಾ ಬೇರೆಯದೇ ಆದ ಇನ್ನೊಂದು ಲೋಕ ಬೆಳೆಯುತ್ತಿತ್ತು. 1986ರಲ್ಲಿ ಹಂಪಿ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ವಿದೇಶಿ ಯುವಕ ಯುವತಿಯರು ಬೆನ್ನಿಗೆ ಚೀಲ ಹಾಕಿಕೊಂಡು ಬಂದು, ವಿರೂಪಾಕ್ಷನ ರಥಬೀದಿಯ ಕಲ್ಲುಮಂಟಪಗಳ ಅಂಗಡಿಗಳಲ್ಲೂ ಹೊಳೆಯಾಚೆಯ ವಿರುಪಾಪುರ ಗಡ್ಡೆಯಲ್ಲೂ ವಾರಗಟ್ಟಲೆ ಉಳಿಯುತ್ತಿದ್ದರು. 1995ರ ಆಗಸ್ಟ್ 15ರಂದು ವಿಎಸ್‌ಎನ್‌ಎಲ್ ದೇಶದ ಜನರಿಗೆ ಅಂತರ್ಜಾಲ ತೆರೆದು, ಹೊಸ ಶತಮಾನ ಕಾಲಿಟ್ಟ ಹೊತ್ತಿಗೆ ಈ ಮಂಟಪಗಳ ಮುಂದೆ ‘ಇಂಟರ್ನೆಟ್’ ಎಂಬ ಬೋರ್ಡು ತೂಗಿತು. ಎಷ್ಟೋ ತಾಲ್ಲೂಕು ಕೇಂದ್ರಗಳು ಕಂಪ್ಯೂಟರು ನೋಡಿರದ ಕಾಲದಲ್ಲಿ ಹಂಪಿಯ ಹುಡುಗರು ಇಸ್ರೇಲಿನ ಪ್ರವಾಸಿಗರಿಂದಾಗಿ ಹೀಬ್ರೂ ಕೀಲಿಮಣೆಯ ಬಗ್ಗೆ ತಿಳಿದಿದ್ದರು. ಪ್ರವಾಸಿಯ ಕ್ಯಾಮೆರಾದ ಮೆಮೊರಿ ಕಾರ್ಡಿನಿಂದ ಫೋಟೊಗಳನ್ನು ಸಿ.ಡಿ.ಗೆ ಇಳಿಸಿಕೊಡುವುದು ಅವರ ದಿನನಿತ್ಯದ ಕಸುಬು. ಆ ಫೋಟೊಗಳು ಪರದೆಯ ಮೇಲೆ ಒಂದೊಂದಾಗಿ ಸರಿಯುವಾಗ ತಮ್ಮೂರನ್ನು, ಕೆಲವೊಮ್ಮೆ ತಮ್ಮನ್ನೇ, ಬೇರೆಯವರ ಕಣ್ಣಿನಿಂದ ಅವರು ಮೊದಲ ಬಾರಿಗೆ ಕಂಡರು.

ಹಂಪಿಗೆ ಕ್ಯಾಮೆರಾ ಹೊಸದೇನೂ ಅಲ್ಲ. 1856ರಲ್ಲೇ ಅಲೆಗ್ಸಾಂಡರ್ ಗ್ರೀನ್‌ಲಾ ಎಂಬ ಸೇನಾಧಿಕಾರಿ ಮೇಣ ಸವರಿದ ಕಾಗದದ ನೆಗೆಟಿವ್‌ಗಳ ಮೇಲೆ ಇಲ್ಲಿನ ಗುಡಿ ಗೋಪುರಗಳನ್ನು ಸೆರೆಹಿಡಿದಿದ್ದ. ಕಲ್ಲಿನ ರಥದ ಮೇಲೆ ಆಗ ಇಟ್ಟಿಗೆಯ ಶಿಖರ ಇನ್ನೂ ಇತ್ತೆಂಬುದು ನಮಗೆ ಗೊತ್ತಿರುವುದು ಅವನ ಫೋಟೊದಿಂದ. ಸುಮಾರು ನೂರಿಪ್ಪತ್ತೈದು ವರ್ಷಗಳ ಮೇಲೆ ಆಸ್ಟ್ರೇಲಿಯಾದ ಜಾನ್ ಗೋಲಿಂಗ್ಸ್ ಅವವೇ ಜಾಗಗಳಲ್ಲಿ ನಿಂತು ಮತ್ತೆ ತೆಗೆದರು. ಅದೇ ಗೋಲಿಂಗ್ಸ್ ಜೊತೆಗೂಡಿ ಸಾರಾ ಕೆಂಡರ್‌ಡೈನ್, ಜೆಫ್ರಿ ಶಾ ರೂಪಿಸಿದ ‘ಪ್ಲೇಸ್ ಹಂಪಿ’ ಎಂಬ ಡಿಜಿಟಲ್ ಕಲಾಕೃತಿ 2006ರಲ್ಲಿ ಮೊದಲು ಯುರೋಪಿನಲ್ಲಿ ಪ್ರದರ್ಶನ ಕಂಡು, 2012ರಲ್ಲಿ ಸಂಡೂರು ತಾಲ್ಲೂಕಿನ ತೋರಣಗಲ್ಲಿನ ಉಕ್ಕು ಕಾರ್ಖಾನೆಯ ಬಡಾವಣೆಯಲ್ಲಿರುವ ‘ಕಲಾಧಾಮ’ಕ್ಕೆ ಬಂದು ನೆಲೆಯಾಯಿತು. ದುಂಡಗಿನ ಪರದೆಯ ನಡುವೆ ನಿಂತು ನೋಡುಗನೇ ತಿರುಗಿಸಿಕೊಂಡು ಹಂಪಿಯೊಳಗೆ ಅಡ್ಡಾಡಬಹುದು. ಅದಿರಿನ ಲಾರಿಗಳ ಧೂಳಿನ ನಡುವೆ, ವಿಜಯನಗರದ ಕಲ್ಲು ಬೆಳಕಾಗಿ ಸುತ್ತುವ ಕೋಣೆ. ಸಂಡೂರಿನ ಶಾಲೆಗಳು ಮಕ್ಕಳನ್ನು ಪ್ರವಾಸಕ್ಕೆ ಒಯ್ಯುವಾಗ ಇದನ್ನು ಬಿಡಬಾರದು.

ಗಡ್ಡೆಯ ಕಡೆಗೂ ಒಂದು ವಿಡಿಯೊದ ಕಥೆಯಿದೆ. ಅಮೆರಿಕದ ಬಂಡೆ ಹತ್ತುಗ ಕ್ರಿಸ್ ಶರ್ಮಾ ಹಂಪಿಯ ಗುಂಡುಗಳ ಮೇಲೆ ಬರಿಗೈಯಲ್ಲಿ ಏರುವ ‘ಪಿಲ್ಗ್ರಿಮೇಜ್’ ಎಂಬ ಚಿತ್ರ 2000ದ ದಶಕದ ಮೊದಲ ಭಾಗದಲ್ಲಿ ಡಿ.ವಿ.ಡಿ.ಯಾಗಿ ಲೋಕವೆಲ್ಲ ಸುತ್ತಿತು. ಅದನ್ನು ನೋಡಿದವರು ದಂಡುಗಟ್ಟಿ ಬಂದರು. ಕುರಿ ಕಾಯಲು, ಸೌದೆ ತರಲು ಆ ಬಂಡೆಗಳನ್ನು ಏರುತ್ತಿದ್ದ ಊರ ಹುಡುಗರು ತಾವು ಮಾಡುತ್ತಿದ್ದುದಕ್ಕೂ ಒಂದು ಆಟದ ಹೆಸರಿದೆಯೆಂದು ಅರಿತು, ಬಿದ್ದರೆ ಏಟಾಗದಂತೆ ಬಂಡೆಯ ಬುಡಕ್ಕೆ ಹಾಸುವ ಹಾಸಿಗೆ ಬಾಡಿಗೆಗೆ ಕೊಡುತ್ತ, ದಾರಿ ತೋರಿಸುತ್ತ, ತಾವೂ ಹತ್ತುಗರಾದರು. ಸ್ಮಾರಕ ಉಳಿಸಲೆಂದು 2011ರ ಜುಲೈ ಕೊನೆಯಲ್ಲಿ ರಥಬೀದಿಯ ಹಂಪಿ ಬಜಾರದ ಅಂಗಡಿ ಮನೆಗಳ ಮೇಲೆ ಜೆಸಿಬಿ ಹರಿಯಿತು. 2020ರ ಮಾರ್ಚಿನಲ್ಲಿ, ಸುಪ್ರೀಂ ಕೋರ್ಟಿನ ಆದೇಶದಂತೆ ಗಡ್ಡೆಯ ರೆಸಾರ್ಟುಗಳೂ ನೆಲಸಮವಾದವು. ಕಂಪ್ಯೂಟರು, ಇಂಗ್ಲಿಷು, ಪರದೇಶದ ಗೆಳೆತನಗಳನ್ನು ಒಂದು ತಲೆಮಾರಿಗೆ ಕಲಿಸಿದ ಜಾಗ ಎರಡು ಏಟಿಗೆ ಅಳಿಸಿಹೋಯಿತು. ಸ್ಮಾರಕ ಕಾಯುವುದು ಬೇಕಾದ್ದೇ. ಆದರೆ ಅಲ್ಲಿ ಬೆಳೆದ ಹುಡುಗರ ಕಲಿಕೆಯೂ ಊರಿನ ಆಸ್ತಿಯಾಗಿತ್ತೆಂದು ಯಾರೂ ಲೆಕ್ಕಕ್ಕೆ ಹಿಡಿಯಲಿಲ್ಲ.

ಇತ್ತ ಹೊಸಪೇಟೆ, ಸಂಡೂರುಗಳಲ್ಲಿ ಅದಿರಿನ ಹಣ ಹರಿದ ವರ್ಷಗಳವು. ಚೀನಾದ ಬೇಡಿಕೆ 2003ರಿಂದೀಚೆಗೆ ಏರಿದಂತೆ ಲಾರಿ, ಟಿಪ್ಪರುಗಳ ಸಾಲು ಹಗಲಿರುಳು ಓಡಿತು. ಲಾರಿಯಲ್ಲಿ ಕ್ಲೀನರನಾಗಿ ಸೇರಿದ ಹುಡುಗನ ಕೈಗೂ ನಗದು ಬಂತು, ಜೊತೆಗೆ ದೊಡ್ಡ ದನಿಯ ಚೀನಾ ಸೆಟ್ಟು. ಬಸ್ ನಿಲ್ದಾಣದ ಪಕ್ಕದ ಮೊಬೈಲ್ ಅಂಗಡಿಗಳಲ್ಲಿ ‘ಮೆಮೊರಿ ಕಾರ್ಡ್ ತುಂಬಿಸಿಕೊಡಲಾಗುವುದು’ ಎಂಬ ಚೀಟಿ ಅಂಟಿರುತ್ತಿತ್ತು. ಗಾಜಿನ ಕೌಂಟರಿನಾಚೆ ಒಂದು ಹಳೆಯ ಕಂಪ್ಯೂಟರು, ಅದರಲ್ಲಿ ಹೆಸರು ಬರೆದಿಟ್ಟ ಫೋಲ್ಡರುಗಳು: ಅಣ್ಣಾವ್ರು, ಅಪ್ಪು, ದರ್ಶನ್, ತೆಲುಗು ಡಿಜೆ, ಭಜನೆ, ತತ್ವಪದ, ಜಾನಪದ. ಅಂಗಡಿಯವನು ‘ಯಾರ್ ಫ್ಯಾನಪಾ ನೀನು?’ ಎಂದು ಕೇಳಿ ಆ ಫೋಲ್ಡರನ್ನು ಮೊದಲು ಎಳೆದು ಹಾಕುತ್ತಿದ್ದ. ಕಾರ್ಡಿನಲ್ಲಿ ಜಾಗ ಉಳಿದರೆ ಮಿಕ್ಕದ್ದು. ಇಂದು ಫೋನಿನೊಳಗಿನ ಲೆಕ್ಕಾಚಾರ ಗುಟ್ಟಾಗಿ ಮಾಡುವ ಕೆಲಸವನ್ನು ಅವನು ಮುಖ ನೋಡಿ ಬಾಯಿಬಿಟ್ಟು ಕೇಳಿ ಮಾಡುತ್ತಿದ್ದ. ಹುಡುಗ ಅಪ್ಪು, ಅಂದರೆ ಪುನೀತ್ ರಾಜ್‌ಕುಮಾರ್, ಕಡೆಯವನೆಂದು ಗೊತ್ತಿದ್ದರೂ ದರ್ಶನ್ ಸಿನಿಮಾದ ಒಳ್ಳೆಯ ಹಾಡಿದ್ದರೆ ಅದನ್ನೂ ಸೇರಿಸಿ ಕಳಿಸುತ್ತಿದ್ದ.

ಫ್ಲೆಕ್ಸ್ ಮುದ್ರಣವೂ ಇದೇ ಹೊತ್ತಿಗೆ ಬಂತು. ಅದು ನಾಟಕದ ಕರಪತ್ರವನ್ನು ಹತ್ತಡಿಗೆ ಹಿಗ್ಗಿಸಿ ಸರ್ಕಲ್ಲಿನಲ್ಲಿ ನಿಲ್ಲಿಸಿತು. ನಡುವೆ ನಾಯಕ ಇಲ್ಲವೇ ನಟ, ಕೆಳಗೆ ಸಾಲುಸಾಲು ಹುಡುಗರ ಮುಖ, ಎಲ್ಲರಿಗೂ ಕಪ್ಪು ಕನ್ನಡಕ. ಇಂಥವುಗಳನ್ನು ವಿನ್ಯಾಸ ಮಾಡುವ ಡಿಟಿಪಿ ಅಂಗಡಿಗಳಲ್ಲಿ ಕುಳಿತು ಒಂದು ಪೀಳಿಗೆ ಫೋಟೊಶಾಪ್, ನುಡಿ ತಂತ್ರಾಂಶ ಕಲಿಯಿತು. ಮುಂದೆ ಅಂತರ್ಜಾಲದಲ್ಲಿ ನಟರ ಪೋಸ್ಟರು, ಟ್ರೋಲು, ‘ಎಡಿಟ್’ ವಿಡಿಯೊಗಳನ್ನು ಮಾಡುವ ಕೈಗಳು ಹದಗೊಂಡದ್ದು ಈ ಅಂಗಡಿಗಳಲ್ಲಿ. 2016ರ ಮಾರ್ಚಿನಲ್ಲಿ ರಾಜ್ಯ ಸರ್ಕಾರ ಪ್ಲಾಸ್ಟಿಕ್ ಚೀಲಗಳ ಜೊತೆಗೆ ಫ್ಲೆಕ್ಸನ್ನೂ ನಿಷೇಧಿಸಿತು. ಅದೇ ವರ್ಷ ಸೆಪ್ಟೆಂಬರ್ 5ರಂದು ಜಿಯೊ ಬಂತು, ತಿಂಗಳುಗಟ್ಟಲೆ ಡೇಟಾ ಪುಕ್ಕಟೆ. ಬೀದಿಯ ಬ್ಯಾನರು ಕೈಯೊಳಗಿನ ಪರದೆಗೆ ಜಾಗ ಬಿಟ್ಟುಕೊಟ್ಟಿತೆಂದು ಪೂರ್ತಿ ಹೇಳುವಂತಿಲ್ಲ, ಫ್ಲೆಕ್ಸ್ ಕಾಯಿದೆಗೆ ಮಣಿಯಲೇ ಇಲ್ಲ. ಆದರೆ ಅಂದಿನಿಂದ ಹುಡುಗರ ಮುಖ ಎರಡೂ ಕಡೆ ಕಾಣತೊಡಗಿತು. ಹೆಚ್ಚು ಹೊತ್ತು ಕಳೆಯುವುದು ಮಾತ್ರ ಪರದೆಯ ಕಡೆಗೇ ಆಯಿತು.

ಟಿಕ್‌ಟಾಕ್ ಈ ಸೀಮೆಗೆ ಹೇಳಿ ಮಾಡಿಸಿದಂತಿತ್ತು. ಓದುಬರಹ ಬೇಡ, ಇಂಗ್ಲಿಷು ಬೇಡ, ಹದಿನೈದು ಸೆಕೆಂಡು ಸಾಕು. ರಾಜ್‌ಕುಮಾರ್ ಸಂಭಾಷಣೆಗೆ ತುಟಿ ಸೇರಿಸುವ ಲಾರಿ ಚಾಲಕ, ಭತ್ತದ ಗದ್ದೆಯ ಬದುವಿನ ಮೇಲೆ ಕುಣಿಯುವ ಗೆಳೆಯರು, ಡಿಜೆ ಪೆಟ್ಟಿಗೆ ಏರಿಸಿದ ಟ್ರ್ಯಾಕ್ಟರಿನ ಗತ್ತು. ಪಾತ್ರಕ್ಕೆ ಹಣ ಕಟ್ಟಲಾಗದವನಿಗೂ ಪಾತ್ರ ಸಿಕ್ಕಿತು. 2020ರ ಜೂನ್ 29ರಂದು ಕೇಂದ್ರ ಸರ್ಕಾರ ಅದನ್ನೂ ಸೇರಿಸಿ ಚೀನಾದ 59 ಆ್ಯಪ್‌ಗಳನ್ನು ನಿಷೇಧಿಸಿದಾಗ ಇಂಥವರೆಲ್ಲರ ಅಂಗಳ ರಾತ್ರೋರಾತ್ರಿ ಮುಚ್ಚಿತು. ಕೆಲವೇ ದಿನಗಳಲ್ಲಿ ಇನ್‌ಸ್ಟಾಗ್ರಾಂ ರೀಲ್ಸ್ ಭಾರತಕ್ಕೆ ಬಂತು. ಶಾಲೆ ಮುಚ್ಚಿದ್ದ ಆ ವರ್ಷ ಆನ್‌ಲೈನ್ ಪಾಠಕ್ಕೆಂದು ಸಾಲ ಮಾಡಿ ಕೊಡಿಸಿದ ಫೋನುಗಳಲ್ಲಿ ಪಬ್‌ಜಿ, ಫ್ರೀ ಫೈರ್ ಕೂಡ ನಡೆದವು. ಪಬ್‌ಜಿಗೆ 2020ರ ಸೆಪ್ಟೆಂಬರಿನಲ್ಲಿ, ಫ್ರೀ ಫೈರ್‌ಗೆ 2022ರ ಫೆಬ್ರವರಿಯಲ್ಲಿ ನಿಷೇಧ ಬಿತ್ತು. ಆಡುವವರು ಬೇರೆ ಹೆಸರಿನ ಆಟಕ್ಕೆ ದಾಟಿದರು.

ಹೊಸಪೇಟೆಯ ಅಭಿಮಾನದ ಚರಿತ್ರೆಯಲ್ಲಿ ದೊಡ್ಡ ತಿರುವು 2021ರ ಅಕ್ಟೋಬರ್ 29. ಅಂದು ಪುನೀತ್ ರಾಜ್‌ಕುಮಾರ್ ತೀರಿಕೊಂಡರು. ಹೊಸಪೇಟೆ ಅಪ್ಪು ಅಭಿಮಾನಿಗಳ ಭದ್ರಕೋಟೆ ಎಂಬುದು ಚಿತ್ರರಂಗದಲ್ಲಿ ಮೊದಲಿನಿಂದಲೂ ಇದ್ದ ಮಾತು. ಸಾವಿನ ಸುದ್ದಿ ಫೋನಿನಿಂದ ಫೋನಿಗೆ ಹಬ್ಬಿ, ಓಣಿ ಓಣಿಯಲ್ಲಿ ಫೋಟೊ ಇಟ್ಟು ಹೂ ಏರಿಸಿದರು, ಅನ್ನ ಹಾಕಿದರು. ಇಡೀ ರಾಜ್ಯದಲ್ಲಿ ನೇತ್ರದಾನಕ್ಕೆ ಹೆಸರು ಬರೆಸುವವರು ಸಾಲುಗಟ್ಟಿದರು. ಒಬ್ಬ ನಟನ ಕಣ್ಣು ದಾನವಾದ ಸಂಗತಿ ವಾಟ್ಸ್‌ಆ್ಯಪ್ ಸ್ಟೇಟಸ್ಸಿನ ಮೂಲಕ ಎಷ್ಟೋ ಮನೆಗಳ ತೀರ್ಮಾನ ಬದಲಿಸಿತು. ಅಂತರ್ಜಾಲದ ಅಭಿಮಾನ ಮಾಡಿದ ಒಳ್ಳೆಯ ಕೆಲಸಗಳಲ್ಲಿ ಇದರಷ್ಟು ದೊಡ್ಡದು ಕನ್ನಡ ನಾಡಿನಲ್ಲಿ ಇನ್ನೊಂದಿಲ್ಲ. 2022ರ ಜೂನ್ 5ರಂದು ಹೊಸಪೇಟೆಯ ವೃತ್ತದಲ್ಲಿ ಏಳಡಿಗೂ ಎತ್ತರದ ಪುನೀತ್ ಪುತ್ಥಳಿ ಅನಾವರಣವಾಯಿತು. ಆ ಹೊತ್ತಿಗೆ ಊರು ಹೊಸ ವಿಜಯನಗರ ಜಿಲ್ಲೆಯ ಕೇಂದ್ರವಾಗಿತ್ತು.

ಅದೇ ಊರಿನಲ್ಲಿ ಆರು ತಿಂಗಳ ಮೇಲೆ ಚಪ್ಪಲಿ ತೂರಿಬಂತು.

2022ರ ಡಿಸೆಂಬರ್ 18, ದರ್ಶನ್ ನಟಿಸಿದ ‘ಕ್ರಾಂತಿ’ಯ ಹಾಡೊಂದರ ಬಿಡುಗಡೆ. ಸಿನಿಮಾದ ಒಂದೊಂದು ಹಾಡನ್ನು ಒಂದೊಂದು ಊರಿನಲ್ಲಿ ಬಿಡುಗಡೆ ಮಾಡುವ ಕ್ರಮ ಅದು. ಹಾಡು ಯೂಟ್ಯೂಬಿನಲ್ಲಿ ಎಲ್ಲರಿಗೂ ಸಿಗುತ್ತದೆ, ಜನಸಾಗರದ ದೃಶ್ಯವನ್ನು ಮಾತ್ರ ಊರು ಕೊಡಬೇಕು. ಅದಕ್ಕೆ ಮೊದಲಿನ ವಾರಗಳಲ್ಲಿ ದರ್ಶನ್ ಸಂದರ್ಶನಗಳಲ್ಲಿ ಆಡಿದ ಮಾತುಗಳ ತುಣುಕುಗಳು, ಅದರಲ್ಲೂ ಅದೃಷ್ಟದೇವತೆಯ ಬಗೆಗಿನ ಮಾತು ಮತ್ತು ಪುನೀತ್ ಹೆಸರು ಬಂದ ಮಾತು, ಇಬ್ಬರ ಅಭಿಮಾನಿಗಳ ಪೇಜುಗಳಲ್ಲಿ ಕಡಿದು ಜೋಡಿಸಿದ ರೂಪದಲ್ಲಿ ಸುತ್ತುತ್ತಿದ್ದವು. ಪೂರ್ತಿ ಸಂದರ್ಶನ ನೋಡಿದವರಿಗಿಂತ ತುಣುಕು ನೋಡಿದವರೇ ಹೆಚ್ಚು. ಸಂಜೆ ವೇದಿಕೆಯ ಮೇಲೆ ರಚಿತಾ ರಾಮ್ ಮಾತನಾಡುತ್ತಿದ್ದಾಗ ಗುಂಪಿನೊಳಗಿಂದ ಹಾರಿದ ಚಪ್ಪಲಿ ಪಕ್ಕದಲ್ಲಿದ್ದ ದರ್ಶನ್‌ಗೆ ಬಡಿಯಿತು. ಆ ಕೆಲವು ಸೆಕೆಂಡುಗಳ ದೃಶ್ಯ ಹತ್ತಾರು ಕೋನಗಳಿಂದ ಹತ್ತಾರು ಫೋನುಗಳಲ್ಲಿ ದಾಖಲಾಗಿತ್ತು. ಬೆಳಗಾಗುವುದರೊಳಗೆ ಅದು ದೇಶದ ಸುದ್ದಿ. ಶಿವರಾಜ್‌ಕುಮಾರ್ ವಿಡಿಯೊ ಮಾಡಿ ಖಂಡಿಸಿದರು, ಸುದೀಪ್ ಟ್ವಿಟರಿನಲ್ಲಿ ದೀರ್ಘ ಪತ್ರ ಹಾಕಿದರು. ಹೊಸಪೇಟೆಯ ಹೆಸರು ವಾರಗಟ್ಟಲೆ ಆ ಚಪ್ಪಲಿಯ ಜೊತೆಗೇ ಓಡಾಡಿತು. ನೋಟ್‌ಬುಕ್ ಹಂಚಿದ, ರಕ್ತ ಕೊಟ್ಟ ಹುಡುಗರಿಗೆ ಇದರಿಂದ ಆದ ನೋವು ಸಣ್ಣದಲ್ಲ.

ಟಾಕೀಸಿನ ಕಾಲದಲ್ಲಿ ಅಭಿಮಾನಿಗಳು ಬಡಿದಾಡಿಕೊಂಡೇ ಇರಲಿಲ್ಲವೇ? ಬಡಿದಾಡಿದ್ದಾರೆ, ಪೋಸ್ಟರಿಗೆ ಸಗಣಿ ಬಳಿದಿದ್ದಾರೆ, ಟಿಕೆಟ್ ಸಾಲಿನಲ್ಲಿ ತಲೆ ಒಡೆದುಕೊಂಡಿದ್ದಾರೆ. ಆದರೆ ಸಂಘದ ಅಧ್ಯಕ್ಷನೊಬ್ಬ ಇರುತ್ತಿದ್ದ. ಪೊಲೀಸರು ಅವನನ್ನು ಕರೆಸುತ್ತಿದ್ದರು, ಎದುರು ಸಂಘದವನನ್ನೂ ಕರೆಸಿ ರಾಜಿ ಮಾಡಿಸುತ್ತಿದ್ದರು. ಇಬ್ಬರೂ ಒಂದೇ ಸಂತೆಯಲ್ಲಿ ತಿರುಗುವವರು. ಹೆಸರಿಲ್ಲದ ಪೇಜು ನಡೆಸುವವನಿಗೆ ಈ ಕಟ್ಟಿಲ್ಲ. ಬೆಂಗಳೂರಿನ ಯಾವುದೋ ಕೋಣೆಯಲ್ಲಿ ಕುಳಿತು ಅವನು ಹೊತ್ತಿಸಿದ ಬೆಂಕಿಗೆ ಹೊಸಪೇಟೆಯ ಹುಡುಗ ಠಾಣೆಗೆ ಅಲೆಯಬೇಕಾಗುತ್ತದೆ. 2024ರಲ್ಲಿ ಈ ಬೆಂಕಿಯ ಇನ್ನೂ ಭೀಕರ ರೂಪ ಕಂಡಿತು. ನಟಿಯೊಬ್ಬರಿಗೆ ಇನ್‌ಸ್ಟಾಗ್ರಾಂನಲ್ಲಿ ಅಶ್ಲೀಲ ಸಂದೇಶ ಕಳಿಸಿದನೆಂಬ ಕಾರಣಕ್ಕೆ ಚಿತ್ರದುರ್ಗದ ಯುವಕನೊಬ್ಬನ ಕೊಲೆಯಾಯಿತೆಂಬ ಪ್ರಕರಣದಲ್ಲಿ ದರ್ಶನ್ ಆರೋಪಿಯಾದರು. ಆರೋಪವಿನ್ನೂ ನ್ಯಾಯಾಲಯದ ಮುಂದಿರುವಾಗಲೇ ಅವರ ಕೈದಿ ಸಂಖ್ಯೆ 6106 ಬೈಕುಗಳ ಮೇಲೆ ಸ್ಟಿಕ್ಕರಾಗಿ ಮೆರೆಯಿತು. ಆಗಸ್ಟ್ ಕೊನೆಯಲ್ಲಿ ಅವರನ್ನು ಬಳ್ಳಾರಿ ಜೈಲಿಗೆ ತಂದಾಗ ಗೇಟಿನ ಮುಂದೆ ಫೋನು ಹಿಡಿದವರ ಗುಂಪು ನೆರೆಯಿತು. ಸತ್ತವನೂ ಒಂದು ಮನೆಯ ಮಗನೆಂಬುದು ಆ ಸ್ಟಿಕ್ಕರು ಅಂಟಿಸಿದ ಕೈಗಳಿಗೆ ಹೊಳೆಯದೆ ಹೋದದ್ದು ಈ ಚರಿತ್ರೆಯಲ್ಲಿ ಅತಿ ದುಃಖದ ಪುಟ.

ಕಲ್ಲಿಗೂ ಏಟು ಬಿದ್ದಿದೆ. 2017ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕ್ ಹೊರತಂದ ಹೊಸ 50 ರೂಪಾಯಿ ನೋಟಿನ ಬೆನ್ನಿಗೆ ಹಂಪಿಯ ಕಲ್ಲಿನ ರಥ ಬಂದ ಮೇಲೆ, ವಿಜಯ ವಿಠ್ಠಲನ ಅಂಗಳದಲ್ಲಿ ಒಂದು ಹೊಸ ಆಚರಣೆ ಶುರುವಾಯಿತು. ಎಡಗೈ ಮುಂದೆ ಚಾಚಿ ನೋಟು ಹಿಡಿಯುವುದು, ಒಂದು ಕಣ್ಣು ಮುಚ್ಚಿ ನೋಟಿನ ರಥವನ್ನು ನಿಜದ ರಥದ ಅಂಚಿಗೆ ಕೂಡಿಸುವುದು, ಬಲಗೈಯಲ್ಲಿ ಫೋಟೊ. ಗೆಳೆಯನೊಬ್ಬ ‘ಸ್ವಲ್ಪ ಎಡಕ್ಕೆ, ಇನ್ನೂ ಎಡಕ್ಕೆ’ ಎನ್ನುತ್ತಿರುತ್ತಾನೆ. ಅದು ಯಾರಿಗೂ ತೊಂದರೆಯಿಲ್ಲದ ಖುಷಿ. ರಥದ ಗಾಲಿ ತುಳಿದು ಮೇಲೇರಿ ನಿಲ್ಲುವವರು ಹೆಚ್ಚಾದಾಗ ಮಾತ್ರ ಪುರಾತತ್ವ ಇಲಾಖೆ ಸುತ್ತ ತಡೆ ಕಟ್ಟಬೇಕಾಯಿತು. 2019ರ ಜನವರಿಯಲ್ಲಿ ನ್ಯೂಯಾರ್ಕ್ ಟೈಮ್ಸ್ ಆ ವರ್ಷ ನೋಡಲೇಬೇಕಾದ 52 ಜಾಗಗಳ ಪಟ್ಟಿಯಲ್ಲಿ ಹಂಪಿಗೆ ಎರಡನೆಯ ಸ್ಥಾನ ಕೊಟ್ಟಿತು. ಜಿಲ್ಲೆಯೆಲ್ಲ ಸಂಭ್ರಮಿಸುತ್ತಿದ್ದಾಗಲೇ, ಆನೆಲಾಯದ ಹಿಂದಿನ ವಿಷ್ಣು ಗುಡಿಯ ಬಳಿ ಯುವಕನೊಬ್ಬ ಕಲ್ಲುಗಂಬವನ್ನು ದೂಡಿ ಕೆಡವುವ ವಿಡಿಯೊ ಹರಿದಾಡಿತು. ಸ್ಥಳೀಯರು ಸಿಡಿದೆದ್ದರು. ಹೊರ ರಾಜ್ಯಗಳ ನಾಲ್ವರು ಸಿಕ್ಕಿಬಿದ್ದರು. ಹೊಸಪೇಟೆಯ ನ್ಯಾಯಾಲಯ ಪ್ರತಿಯೊಬ್ಬರಿಗೂ 70,000 ರೂಪಾಯಿ ದಂಡ ಹಾಕಿ, ಬಿದ್ದ ಕಂಬವನ್ನು ಅವರ ಕೈಯಿಂದಲೇ ಎತ್ತಿ ನಿಲ್ಲಿಸಿತು. ಐದಾರು ಶತಮಾನ ನಿಂತ ಕಂಬದ ತೂಕ ಎಷ್ಟೆಂದು ಹೆಗಲಿಗೆ ಗೊತ್ತುಮಾಡಿಕೊಟ್ಟ ಆ ತೀರ್ಪು, ಅಂತರ್ಜಾಲದ ತಪ್ಪುಗಳಿಗೆ ನಮ್ಮ ನ್ಯಾಯಾಲಯಗಳು ಕೊಟ್ಟ ಉತ್ತರಗಳಲ್ಲಿ ಅತ್ಯಂತ ವಿವೇಕದ್ದು.

ಹೆಣ್ಣುಮಕ್ಕಳ ಪಾಡು ಬೇರೆ. ಮೊದಲಲ್ಲಿ ಹೇಳಿದ ಕರಪತ್ರದಲ್ಲಾಗಲಿ, ಫ್ಲೆಕ್ಸಿನಲ್ಲಾಗಲಿ ಊರ ಹುಡುಗಿಯ ಮುಖ ಬಂದದ್ದು ಅಪರೂಪ. ಬರುತ್ತಿದ್ದುದು ಹೊರಗಿನಿಂದ ಕರೆಸಿದ ಕಲಾವಿದೆಯರದು. ಅವರ ಕಲೆಗೆ ಚಪ್ಪಾಳೆ ತಟ್ಟಿದ ಊರೇ ಅವರ ನಡತೆಯ ಬಗ್ಗೆ ಹಗುರವಾಗಿ ಮಾತಾಡುತ್ತಿತ್ತು. ಮರಿಯಮ್ಮನಹಳ್ಳಿಯ ಕೆ. ನಾಗರತ್ನಮ್ಮ ಅಂಥ ಮಾತುಗಳ ನಡುವೆಯೇ ಹೆಂಗಸರದೇ ತಂಡ ಕಟ್ಟಿ ಗಂಡು ಪಾತ್ರಗಳನ್ನೂ ಮೆರೆಸಿದವರು. ಇಂದು ಕಂಪ್ಲಿಯ ಹುಡುಗಿಯೊಬ್ಬಳು ಮನೆಯ ಮಾಳಿಗೆಯ ಮೇಲೆ ನಾಲ್ಕು ಹೆಜ್ಜೆ ಹಾಕಿ ರೀಲ್ಸಿಗೆ ಏರಿಸಿದರೆ, ಕೆಳಗೆ ಬೀಳುವ ಕಾಮೆಂಟುಗಳಲ್ಲಿ ನಾಗರತ್ನಮ್ಮನವರ ಕಾಲದ ಅದೇ ಹೀನ ಮಾತುಗಳಿರುತ್ತವೆ. ಎಷ್ಟೋ ಹುಡುಗಿಯರು ಬೇರೆ ಹೆಸರಿನಲ್ಲಿ, ಮುಖಕ್ಕೆ ದುಪಟ್ಟಾ ಸುತ್ತಿಕೊಂಡು ಕುಣಿಯುವುದು ಇದಕ್ಕಾಗಿ. ಗಂಡುಹುಡುಗ ಹೆಸರು ಮರೆಸುವುದು ಬೈಯಲು, ಹುಡುಗಿ ಹೆಸರು ಮರೆಸುವುದು ಬೈಗುಳದಿಂದ ತಪ್ಪಿಸಿಕೊಳ್ಳಲು.

ಅದೇ ಮರಿಯಮ್ಮನಹಳ್ಳಿ ಪರದೆಯ ಮೇಲೆ ಇನ್ನೊಂದು ದೃಶ್ಯವನ್ನೂ ಕೊಟ್ಟಿದೆ. 2021ರ ನವೆಂಬರ್ 9ರಂದು ರಾಷ್ಟ್ರಪತಿ ಭವನದಲ್ಲಿ ಮಂಜಮ್ಮ ಜೋಗತಿ ಪದ್ಮಶ್ರೀ ಪಡೆಯಲು ಬಂದರು. ಅಂದಿನ ರಾಷ್ಟ್ರಪತಿ ರಾಮನಾಥ ಕೋವಿಂದ್ ಎದುರು ನಿಂತು, ಸೆರಗಿನಿಂದ ದೃಷ್ಟಿ ನಿವಾಳಿಸಿ, ಆಮೇಲೆ ಪದಕಕ್ಕೆ ಎದೆಯೊಡ್ಡಿದರು. ಗಂಡಾಗಿ ಹುಟ್ಟಿ, ಮನೆಯಿಂದ ಹೊರಬಿದ್ದು, ಹೊಸಪೇಟೆ ಪಕ್ಕದ ಹುಲಿಗಿಯಲ್ಲಿ ಮುತ್ತು ಕಟ್ಟಿಸಿಕೊಂಡು ಜೋಗತಿಯಾಗಿ, ಭಿಕ್ಷೆ ಬೇಡಿ, ಕಾಳವ್ವ ಜೋಗತಿಯವರ ಗರಡಿಯಲ್ಲಿ ಜೋಗತಿ ನೃತ್ಯ ಕಲಿತು, ಕರ್ನಾಟಕ ಜಾನಪದ ಅಕಾಡೆಮಿಯ ಅಧ್ಯಕ್ಷೆಯಾದವರು ಅವರು. ಆ ಕೆಲವೇ ಸೆಕೆಂಡುಗಳು ಲಕ್ಷಾಂತರ ಫೋನುಗಳಲ್ಲಿ ಓಡಿದವು. ತನ್ನೊಳಗಿನ ಹೆಣ್ಣನ್ನು ಯಾರಿಗೂ ಹೇಳಲಾರದೆ ಬೇಯುತ್ತಿರುವ ಹಳ್ಳಿಯ ಹುಡುಗನೊಬ್ಬನ ಕೈಯಲ್ಲಿರುವ ಫೋನಿಗೆ ಅದು ತಲುಪಿತೆಂಬುದೇ ಅಂತರ್ಜಾಲದ ಪರವಾಗಿ ಹೇಳಬಹುದಾದ ದೊಡ್ಡ ಮಾತು. ಮಂಜಮ್ಮನವರ ಎಳೆತನದಲ್ಲಿ ಅಂಥ ಚಿತ್ರ ಎಲ್ಲಿಯೂ ಇರಲಿಲ್ಲ.

ಲಂಬಾಣಿ ತಾಂಡಾಗಳಲ್ಲಿ ನಡೆದಿರುವುದು ಇದಕ್ಕಿಂತ ಸದ್ದಿಲ್ಲದ, ಬಹುಶಃ ಹೆಚ್ಚು ದೂರ ಹೋಗುವ ಬದಲಾವಣೆ. ಸಂಡೂರಿನ ಲಂಬಾಣಿ ಕಸೂತಿಗೆ ಭೌಗೋಳಿಕ ಗುರುತಿನ ಮನ್ನಣೆಯಿದೆ. 2023ರ ಜುಲೈಯಲ್ಲಿ ಹಂಪಿಯಲ್ಲಿ ಜಿ20 ಸಭೆ ನಡೆದಾಗ ಇಲ್ಲಿನ ಹೆಂಗಸರು ಹೊಲಿದ 1,755 ವಸ್ತುಗಳ ಪ್ರದರ್ಶನ ಗಿನ್ನೆಸ್ ದಾಖಲೆಗೂ ಸೇರಿತು. ಬಟ್ಟೆಗೆ ಸಿಕ್ಕ ಈ ಗೌರವ ಬಾಯಿಮಾತಿಗೆ ಸಿಕ್ಕಿಲ್ಲ. ಲಂಬಾಣಿಗರ, ಅಂದರೆ ಬಂಜಾರರ, ಮಾತಾದ ಗೋರ್ ಬೋಲಿಗೆ ತನ್ನದೇ ಲಿಪಿಯಿಲ್ಲ. ಕರ್ನಾಟಕದಲ್ಲಿ ಅದನ್ನು ಕನ್ನಡ ಲಿಪಿಯಲ್ಲಿ, ತೆಲಂಗಾಣದಲ್ಲಿ ತೆಲುಗಿನಲ್ಲಿ, ಮಹಾರಾಷ್ಟ್ರದಲ್ಲಿ ನಾಗರಿಯಲ್ಲಿ ಬರೆಯುತ್ತಾರೆ. ಒಬ್ಬರು ಬರೆದದ್ದನ್ನು ಇನ್ನೊಬ್ಬರು ಓದಲಾರರು, ಕೇಳಿದರೆ ಮಾತ್ರ ಎಲ್ಲರಿಗೂ ತಿಳಿಯುತ್ತದೆ. ಹಾಗಾಗಿ ಯೂಟ್ಯೂಬಿನ ಬಂಜಾರಾ ಹಾಡುಗಳು ಮೂರು ರಾಜ್ಯಗಳ ತಾಂಡಾಗಳನ್ನು ಒಂದೇ ಅಂಗಳಕ್ಕೆ ತಂದಿವೆ. ಕಬ್ಬು ಕಡಿಯಲು, ಗಣಿ ಕೆಲಸಕ್ಕೆ ಗುಳೆ ಹೋದ ಹುಡುಗ ಸಂಡೂರಿನವನಾದರೂ ತೆಲಂಗಾಣದ ಹಾಡಿಗೆ ಹೆಜ್ಜೆ ಹಾಕುತ್ತಾನೆ, ಅಲ್ಲಿಯವರು ಇಲ್ಲಿನ ತೀಜ್ ಹಬ್ಬದ ವಿಡಿಯೊ ನೋಡಿ ತಮ್ಮ ಬೋಲಿಯಲ್ಲೇ ಧ್ವನಿ ಕಳಿಸುತ್ತಾರೆ. ಶಾಲೆಯಲ್ಲಿ ಈ ಮಾತು ಆಡಲು ನಾಚುತ್ತಿದ್ದ ಮಕ್ಕಳು ಫೋನಿನ ಮುಂದೆ ನಾಚುತ್ತಿಲ್ಲ.

ಇವುಗಳಲ್ಲಿ ಎಷ್ಟು ಉಳಿಯುತ್ತವೆ ಎಂಬುದು ಈಗಿನ ಪ್ರಶ್ನೆ. ಟಿಕ್‌ಟಾಕ್ ಮುಚ್ಚಿದಾಗ ಅದರಲ್ಲಿದ್ದ ಹಾಡು, ಕುಣಿತ, ಅಣಕಗಳನ್ನು ಯಾರೂ ಎತ್ತಿಡಲಿಲ್ಲ. 2014ರಲ್ಲಿ ಆರ್ಕುಟ್ ಮುಚ್ಚಿದಾಗ ಕನ್ನಡದ ಮೊದಲ ಅಂತರ್ಜಾಲ ಗೆಳೆತನಗಳ ಮಾತುಕತೆಯೂ ಹೀಗೆಯೇ ಹೋಯಿತು. ಮೆಮೊರಿ ಕಾರ್ಡು ತುಂಬುತ್ತಿದ್ದ ಅಂಗಡಿಗಳ ಹಳೆಯ ಕಂಪ್ಯೂಟರುಗಳು ಗುಜರಿ ಸೇರಿವೆ, ಅವುಗಳ ಜೊತೆ ಊರ ಕಲಾವಿದರು ಹಾಡಿದ್ದ ಭಜನೆ, ತತ್ವಪದಗಳೂ. 1991ರಲ್ಲಿ ಹುಟ್ಟಿದ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಇದೇ ಸೀಮೆಯ ಬಯಲಾಟದ ಹಸ್ತಪ್ರತಿ, ಜನಪದ ಕಾವ್ಯಗಳನ್ನು ಹಳ್ಳಿ ಹಳ್ಳಿ ತಿರುಗಿ ಸಂಗ್ರಹಿಸಿದೆ. ಅಲ್ಲಿನ ವಿದ್ಯಾರ್ಥಿಗಳು ಈಗ ಹೊಸಪೇಟೆಯ ಫ್ಲೆಕ್ಸ್ ಅಂಗಡಿಯ ಹಾರ್ಡ್ ಡಿಸ್ಕು, ಕಂಪ್ಲಿಯ ನಾಟಕದ ಕರಪತ್ರ, ಅಭಿಮಾನಿ ಸಂಘದ ರಸೀದಿ ಪುಸ್ತಕ, ತಾಂಡಾದ ಹುಡುಗಿಯ ಫೋನಿನಲ್ಲಿರುವ ತೀಜ್ ಹಾಡು ಇವನ್ನೂ ಕೇಳಿ ಪಡೆದು ಇಡಬೇಕು. ಹಾಡಿದವಳ ಹೆಸರು, ತಾಂಡಾದ ಹೆಸರು, ವರ್ಷ ಮೂರನ್ನೂ ಬರೆದುಕೊಳ್ಳಬೇಕು. ಆ ಹುಡುಗಿ ಒಪ್ಪಿದರೆ ಫೋಟೊ ಕೂಡ.